ಒಂದೇ ನಂಬರಿನ ಕೈಗಳು

ದಾವಲಸಾಬ ಉಸ್ತಾದರಿಗೆ ಇದ್ದದ್ದು ಒಂದೇ ಲೋಹದ ಕೈ. ಆದರೆ ಆ ವರ್ಷದ ಆಯುಧಪೂಜೆಯಿಂದ ಮುಂದೆ ಅದು ಹುಬ್ಬಳ್ಳಿಯ ಹೊರಗಿನ ಪ್ರೆಸ್ ಶೆಡ್ಡುಗಳಲ್ಲಿ ಸುಮಾರು ನಲವತ್ತು ಜನರ ಮುಂಗೈಗೆ ಹತ್ತಿಕೊಂಡು ಕೆಲಸ ಮಾಡತೊಡಗಿತು. ಹತ್ತಿಸಿದವಳು ಕಸ್ತೂರಿ.

ಕಸ್ತೂರಿ ಬಾರಕೇರ, ಪ್ರೆಸ್ ಕಾರ್ಮಿಕರ ಸಂಘದ ರಿಪೇರಿ ಕೋಣೆಯಲ್ಲಿ ಲೋಹದ ಕೈಗಳನ್ನು ಜೋಡಿಸುವ, ಕೆಟ್ಟರೆ ಸರಿಪಡಿಸುವ ಕೆಲಸದವಳು. ಹಗಲು ಹೊಲಿಗೆ ಕಾರ್ಖಾನೆಯಲ್ಲಿ ದುಡಿದು, ಸಂಜೆ ಪಾಲಿಟೆಕ್ನಿಕ್ಕಿನ ಬೆಂಚಿನಲ್ಲಿ ತೂಕಡಿಸುತ್ತಲೇ ಡಿಪ್ಲೊಮಾ ಮುಗಿಸಿದ್ದಳು. ಹಾಗೆ ಕಲಿತವರಿಗೆ ಒಂದು ಅಳುಕು ಸುಲಭಕ್ಕೆ ಬಿಡುವುದಿಲ್ಲ. ಹಗಲಿನ ಹುಡುಗರಿಗೆ ಮೇಷ್ಟ್ರು ಯಾವುದೋ ಒಂದು ಪಾಠ ಹೆಚ್ಚಿಗೆ ಹೇಳಿಕೊಟ್ಟಿದ್ದಾರೆ, ತನಗೆ ಅದೊಂದು ತಪ್ಪಿಹೋಗಿದೆ ಎಂದು ಅವಳಿಗೆ ಸದಾ ಅನ್ನಿಸುತ್ತಿತ್ತು. ಬಿಗಿ ಮಾಡಿದ ಸ್ಕ್ರೂವನ್ನು ಮತ್ತೊಮ್ಮೆ ಬಿಗಿ ಮಾಡುವಳು. ಮನೆಗೆ ಹೋಗುವಾಗ ಅರ್ಧ ದಾರಿಯಿಂದ ತಿರುಗಿ ಬಂದು ಇನ್ನೊಮ್ಮೆ ನೋಡುವಳು.

ಪ್ರೆಸ್ ಎಂದರೆ ತಗಡನ್ನು ಒಂದೇ ಏಟಿಗೆ ಕತ್ತರಿಸಿ ಆಕಾರ ಕೊಡುವ ಯಂತ್ರ. ಕೆಳಗೆ ಅಚ್ಚು, ಮೇಲಿಂದ ಬೀಳುವ ಉಕ್ಕಿನ ತಲೆ. ಅಚ್ಚಿನ ಮೇಲೆ ತಗಡಿಟ್ಟು ಕೈ ಹಿಂದೆ ತೆಗೆಯುವ ಮುಂಚೆ ತಲೆ ಬಿದ್ದರೆ ಮುಗಿಯಿತು. ಫ್ಯಾನಿನ ರೆಕ್ಕೆ, ಬಾಗಿಲ ತಿರುಗಣಿ, ಕುಕ್ಕರಿನ ಮುಚ್ಚಳ ಈ ಶೆಡ್ಡುಗಳಿಂದ ನಾಡಿಗೆಲ್ಲ ಹೋಗುತ್ತಿದ್ದವು. ಬೆರಳುಗಳು ಮಾತ್ರ ಇಲ್ಲೇ ಉಳಿಯುತ್ತಿದ್ದವು. ಕಸ್ತೂರಿಯ ಗಂಡ ಫಕೀರಪ್ಪನ ಬಲಗೈ ಹೋದದ್ದೂ ಹಾಗೆಯೇ.

ಇಂಥವರ ನಡುವೆ ಕಂಪನಿಯ ಕೈ ಬಂತು. ಮೊಂಡಾದ ತೋಳಿನೊಳಗಿನ ಸ್ನಾಯು ಮಿಡಿದದ್ದನ್ನು ಓದಿ ಬೆರಳು ಮಡಚುವ ಕೈ. ಮನುಷ್ಯ ಏನು ಮಾಡುತ್ತಾನೋ ಅದನ್ನು ದಿನದಿನಕ್ಕೆ ಕಲಿಯುವುದು. ಚಾರ್ಜಿಗೆ ಹಾಕಿದಾಗ ಕಲಿತದ್ದನ್ನೆಲ್ಲ ಕಂಪನಿಯ ಕಂಪ್ಯೂಟರಿಗೆ ಕಳಿಸುವುದು. ಅಲ್ಲಿ ಅದು ತಿದ್ದಿ ನಯವಾಗಿ ವಾಪಸು ಬರುವುದು. ಪ್ರತಿ ಕೈಗೂ ಒಂದು ನಂಬರು. ಆ ನಂಬರಿನ ಲೈಸೆನ್ಸ್ ಜೀವಂತ ಇರುವವರೆಗೆ ಅದು ಕೈ. ಲೈಸೆನ್ಸ್ ಮುಗಿದರೆ ತೆರೆದು ಮುಚ್ಚುವುದು ಬಿಟ್ಟರೆ ಮತ್ತೇನೂ ಬಾರದ ಇಕ್ಕಳ.

ಕೈಯ ಜೊತೆಗೇ ಹೊಸ ಪ್ರೆಸ್ಸುಗಳೂ ಬಂದವು. ಅವು ಕೈಯೊಡನೆ ಮಾತಾಡುತ್ತಿದ್ದವು. ತಲೆ ಬೀಳುವ ಮುಂಚೆ ಪ್ರೆಸ್ಸು ತನ್ನ ಮುಂದೆ ಕೂತವನ ಕೈಯ ನಂಬರು ಹಿಡಿದು, ನೀನು ಒಳಗಿದ್ದೀಯೋ ಹೊರಗಿದ್ದೀಯೋ ಎಂದು ಕೇಳುವುದು. ಹೊರಗೆ ಎಂಬ ಉತ್ತರ ಬಂದರಷ್ಟೇ ತಲೆ ಇಳಿಯುವುದು. ಇಷ್ಟು ಭದ್ರತೆ ಇದ್ದ ಮೇಲೆ ತಲೆ ಇಳಿಸಲು ಸಲಸಲವೂ ಕಾಲಿನ ಪೆಡಲ್ ಒತ್ತುವುದು ಯಾಕೆಂದು ಶೆಡ್ಡಿನವರು, ಪೆಡಲು ಒತ್ತಿಕೊಂಡೇ ಇರಲೆಂದು, ಅದರ ಮೇಲೆ ಒಂದು ಇಟ್ಟಂಗಿ, ಅಂದರೆ ಇಟ್ಟಿಗೆ, ಇಟ್ಟುಬಿಟ್ಟರು. ಕೈ ಒಳಗೆ ಹೋದರೆ ಪ್ರೆಸ್ಸು ಕಾಯುತ್ತದೆ, ಹೊರಗೆ ಬಂದರೆ ಬೀಳುತ್ತದೆ; ಕಾಲಿಗೆ ಯಾಕೆ ತ್ರಾಸು? ಎಲ್ಲ ಶೆಡ್ಡಿನ ಎಲ್ಲ ಪೆಡಲಿನ ಮೇಲೂ ಒಂದೊಂದು ಇಟ್ಟಂಗಿ ಕೂತಿತು. ಕೆಲವರು ಅದಕ್ಕೆ ಕುಂಕುಮವನ್ನೂ ಹಚ್ಚಿದ್ದರು.

ಎಲ್ಲ ಚೆನ್ನಾಗಿ ನಡೆಯುತ್ತಿರುವಾಗ ಕಂಪನಿ ನಿಯಮ ಬದಲಿಸಿತು. ಮನೆಯಲ್ಲಿ ಉಣ್ಣಲು, ಉಡಲು ಬಳಸುವ ಕೈಗೆ ಒಂದು ಲೈಸೆನ್ಸ್, ಕೂಲಿ ದುಡಿಯುವ ಕೈಗೆ ಬೇರೆ ಲೈಸೆನ್ಸ್. ಪ್ರೆಸ್ಸಿಗೆ ಕೂತ ಕೈಗೆ ಮೊದಲನೆಯದು ಸಿಗದು, ಎರಡನೆಯದರ ದರ ಕಟ್ಟುವುದು ಕೂಲಿಯವರಿಂದ ಆಗುವ ಮಾತಾಗಿರಲಿಲ್ಲ. ಮಳೆಗಾಲ ಮುಗಿಯುವುದರೊಳಗೆ ಒಂದೊಂದೇ ಕೈ ಇಕ್ಕಳವಾಯಿತು. ದಾವಲಸಾಬ ಉಸ್ತಾದರೊಬ್ಬರು ಮಾತ್ರ, ಹೆಂಡತಿಯ ಬಳೆ ಮಾರಿ, ತಮ್ಮ ನಂಬರನ್ನು ಉಳಿಸಿಕೊಂಡರು. ಅವರ ಎಡಗೈಯಲ್ಲಿ ಹೆಬ್ಬೆರಳೊಂದು ಬಿಟ್ಟರೆ ಏನೂ ಇರಲಿಲ್ಲ. ಲೋಹದ ಕೈ ಇಲ್ಲದೆ ಅವರಿಗೆ ಅಂಗಿಯ ಗುಂಡಿಯೂ ಬೀಳುತ್ತಿರಲಿಲ್ಲ.

ಸಂಘದ ಕಾರ್ಯದರ್ಶಿ ವಿರೂಪಾಕ್ಷಿ ಆಗ ಒಂದು ಕ್ರ್ಯಾಕ್ ಸಾಫ್ಟ್‌ವೇರ್ ತಂದ. ಯಾರೋ ಯಾವುದೋ ದೇಶದಲ್ಲಿ ಕೂತು ಕಂಪನಿಯ ಬೀಗ ಒಡೆದು ಇಂಟರ್ನೆಟ್ಟಿನಲ್ಲಿ ಬಿಟ್ಟದ್ದು. ಅದನ್ನು ಕೈಗೆ ತುಂಬಿದರೆ ಲೈಸೆನ್ಸಿನ ಗೊಡವೆ ಇಲ್ಲ. ಇದು ಕಾನೂನಿಗೆ ವಿರುದ್ಧ ಅಲ್ಲವೇ ಎಂದು ಕಸ್ತೂರಿ ಮೆಲ್ಲಗೆ ಕೇಳಿದ್ದಕ್ಕೆ ಅವನು ತನ್ನ ಇಕ್ಕಳವನ್ನು ಅವಳ ಮೇಜಿನ ಮೇಲೆ ಕುಟ್ಟಿದ.

“ಮೈಗೆ ಹತ್ತಿದ ಕೈಗೆ ಬಾಡಿಗಿ ಕೊಡೂ ಮಂದಿ ಎಲ್ಲೆರೆ ಅದಾರೇನ? ಹಂಗ ಬರದ ಕಾನೂನು ನನಗ ತೋರಸಬ್ಯಾಡವಾ.”

ಅವಳಿಗೂ ಅದು ನ್ಯಾಯವೆಂದೇ ಕಂಡಿತು. ಫಕೀರಪ್ಪ ಇಕ್ಕಳದಿಂದ ರೊಟ್ಟಿ ಮುರಿಯಲು ಹೋಗಿ ತಟ್ಟೆ ಉರುಳಿಸಿದ್ದನ್ನು ಅವಳು ಅಂದು ಬೆಳಿಗ್ಗೆಯಷ್ಟೇ ನೋಡಿದ್ದಳು. ಕಾನೂನಿನ ಮುಂದೆ ತಟ್ಟೆ ದೊಡ್ಡದಾಗಿ ಕಂಡಿತು.

ಕ್ರ್ಯಾಕಿಗೆ ಬೇಕಾದದ್ದು ಒಂದೇ: ಕಂಪನಿಯ ಕಣ್ಣಿಗೆ ಜೀವಂತವಿರುವ ಯಾವುದಾದರೂ ಒಂದು ನಂಬರು. ಬೇರೆ ಊರಿನ ಕಳ್ಳರಾಗಿದ್ದರೆ ಗೊತ್ತಿಲ್ಲದ ಯಾರದೋ ನಂಬರು ಹಾಕುತ್ತಿದ್ದರು. ಆದರೆ ಈ ಶೆಡ್ಡುಗಳಲ್ಲಿ ಕೈ ಹಿಡಿಸುವುದು ಎಂಬ ಒಂದು ಪದ್ಧತಿ ಉಂಟು. ಹೊಸದಾಗಿ ಪ್ರೆಸ್ಸಿಗೆ ಕೂತವನು ಆಯುಧಪೂಜೆಯ ದಿನ ಉಸ್ತಾದರ ಕೈಯ ಕೆಳಗೆ ತನ್ನ ಕೈ ಇಟ್ಟು ಮೊದಲ ತಗಡನ್ನು ತಳ್ಳಬೇಕು. ಹಾಗೆ ಹಿಡಿಸಿದ ಕೈಯೇ ಕೆಲಸದ ಕೈ. ಹಿಡಿಸದವನ ಕೂಡ ಯಾರೂ ಚಹಾ ಕುಡಿಯುವುದಿಲ್ಲ. ಹೀಗಾಗಿ ಯಾರ ನಂಬರು ಹಾಕಬೇಕು ಎಂಬ ಪ್ರಶ್ನೆ ಅಲ್ಲಿ ಏಳಲೇ ಇಲ್ಲ. ಎಲ್ಲರೂ ಉಸ್ತಾದರ ಮನೆಗೆ ತೆಂಗಿನಕಾಯಿ, ಹೂವು ತೆಗೆದುಕೊಂಡು ಹೋದರು. ಉಸ್ತಾದರ ಕಣ್ಣಲ್ಲಿ ನೀರಾಡಿತು. ಇಷ್ಟು ಮಂದಿಗೆ ನನ್ನ ಕೈ ಬರುವುದಾದರೆ ಬೇಡ ಎನ್ನಲಿಕ್ಕೆ ನಾನು ಯಾರು ಎಂದರು.

ಕಸ್ತೂರಿ ಸಾಲಾಗಿ ಕೂಡಿಸಿ ಒಬ್ಬೊಬ್ಬರ ಕೈಗೂ ಅದನ್ನು ತುಂಬಿದಳು. ಇಕ್ಕಳಗಳು ಒಂದೊಂದಾಗಿ ಬೆರಳು ಬಿಡಿಸಿದವು. ಆ ಸಂಜೆ ಅವಳ ಮೇಜಿನ ಮೇಲೆ ಪೇಢೆ, ಬಾಳೆಹಣ್ಣು ತುಂಬಿಹೋಗಿದ್ದವು.

ಮುಂದಿನ ಕೆಲವು ತಿಂಗಳು ಶೆಡ್ಡುಗಳಲ್ಲಿ ಹಿಂದೆಂದೂ ಕಾಣದ ಕೆಲಸ ನಡೆಯಿತು. ಒಂದೇ ನಂಬರಾದ್ದರಿಂದ ಉಸ್ತಾದರು ನಲವತ್ತು ವರ್ಷ ಕಲಿತದ್ದೆಲ್ಲ ಎಲ್ಲರ ಕೈಗೂ ಇಳಿದುಬಂತು. ನಿನ್ನೆ ಮೊನ್ನೆ ಬಂದವರೂ ತಗಡನ್ನು ಕೂದಲೆಳೆಯಷ್ಟೂ ಓರೆಯಾಗದಂತೆ ಇಟ್ಟರು. ಮಾಲೀಕರು ಖುಷಿಯಾದರು. ತಗಡು ತಳ್ಳುವ ಮುಂಚೆ ತೋರುಬೆರಳಿನಿಂದ ಎರಡು ಸಲ ತಟ್ಟುವುದು ಉಸ್ತಾದರ ಅಭ್ಯಾಸ. ಈಗ ಓಣಿಯ ತುಂಬ ಗಂಡಸರು ಚಹಾದ ಕಪ್ಪು ಎತ್ತುವ ಮುಂಚೆ, ಬಾಗಿಲು ತೆಗೆಯುವ ಮುಂಚೆ ಟಕ್ ಟಕ್ ಎನ್ನಿಸುತ್ತಿದ್ದರು. ಹೆಂಗಸರು ನೀರಿನ ನಳದ ಹತ್ತಿರ ಅದನ್ನೇ ಆಡಿಕೊಂಡು ನಗುತ್ತಿದ್ದರು.

ಕಸ್ತೂರಿಯ ಮನೆಯಲ್ಲಿ ನಗು ಅಷ್ಟು ದಿನ ನಡೆಯಲಿಲ್ಲ. ಫಕೀರಪ್ಪ ಹಳೆಯ ಲೈಸೆನ್ಸಿದ್ದಾಗ ಪಟ್ಟು ಹಿಡಿದು ತನ್ನ ಕೈಗೆ ಮಗಳ ಜಡೆ ಹಾಕುವುದನ್ನು ಕಲಿಸಿದ್ದ. ಒಂದು ದಿನ ಚಂದ್ರಿ ಶಾಲೆಗೆ ಹೊರಟವಳು ತಲೆ ಕೊಟ್ಟು ಕೂತಳು. ಕೈ ಕೂದಲನ್ನು ಎರಡು ಸಲ ತಟ್ಟಿತು, ಮೂರು ಎಳೆ ಹಿಡಿಯಿತು, ಅಲ್ಲಿಗೆ ನಿಂತಿತು. ಮುಂದಿನದು ಅದಕ್ಕೆ ಗೊತ್ತಿರಲಿಲ್ಲ. ಉಸ್ತಾದರಿಗೆ ಹೆಣ್ಣುಮಕ್ಕಳಿರಲಿಲ್ಲ. ಫಕೀರಪ್ಪ ಸುಮ್ಮನೆ ಕೈ ಹಿಂದೆ ತೆಗೆದುಕೊಂಡು, ಹೊತ್ತಾಯಿತೆಂದು ಹೊರಟುಹೋದ.

ಆಮೇಲೆ ಶಿವರಾತ್ರಿಯ ಹೊತ್ತಿಗೆ ತಾಮ್ರದ ವಿಷಯ ಎದ್ದಿತು. ಗೋದಾಮಿನ ಬಾಗಿಲು ಗುರುತಿನ ಕೈಗಳಿಗೆ ಮಾತ್ರ ತೆರೆಯುತ್ತಿತ್ತು. ಯಾರೋ ತಾಮ್ರದ ಸುರುಳಿ ಎತ್ತಿಕೊಂಡು ಹೋದರು. ತೆರೆದದ್ದು ಯಾರ ಕೈ ಎಂದು ಕೇಳಿದರೆ ಬಾಗಿಲು ದಾವಲಸಾಬ ಉಸ್ತಾದರ ನಂಬರು ಹೇಳಿತು. ಐವತ್ತೆಂಟರ ಉಸ್ತಾದರನ್ನು ಠಾಣೆಯ ಬೆಂಚಿನ ಮೇಲೆ ಮಧ್ಯಾಹ್ನವಿಡೀ ಕೂಡಿಸಿದರು. ನಂಬರು ನಲವತ್ತು ಕಡೆ ಇದೆ ಎಂದು ಹೇಳಿದರೆ ಎಲ್ಲರೂ ಸಿಕ್ಕಿಬೀಳುತ್ತಾರೆಂದು ಅವರು ಬಾಯಿ ಬಿಡಲಿಲ್ಲ. ಕದ್ದವನೂ ಬಿಡಲಿಲ್ಲ. ವಿರೂಪಾಕ್ಷಿ ಯಾರ್‍ಯಾರಿಗೋ ಹೇಳಿಸಿ ಅವರನ್ನು ಬಿಡಿಸಿ ತಂದ. ಮರುದಿನದಿಂದ ಉಸ್ತಾದರು ಯಾರ ಕೂಡವೂ ಕೂತು ಚಹಾ ಕುಡಿಯಲಿಲ್ಲ.

ಕಸ್ತೂರಿಗೆ ಅಳುಕು ಮತ್ತೆ ಹತ್ತಿಕೊಂಡಿತು. ರಿಪೇರಿ ಕೋಣೆಯಲ್ಲಿ ಕೈಗಳನ್ನು ಚಾರ್ಜಿಗೆ ಹಾಕಿದಾಗ ಅವು ಯಾರೊಡನೆ ಮಾತಾಡುತ್ತವೆಂದು ನೋಡಿದಳು. ಕಂಪನಿಯೊಡನೆ ಮಾತಾಡಿ ಮುಗಿಸಿದ ಮೇಲೆ ಪ್ರತಿಯೊಂದೂ ಮತ್ತೊಂದು ವಿಳಾಸಕ್ಕೂ ಏನೋ ಕಳಿಸುತ್ತಿತ್ತು. ಅದು ಯಾರ ವಿಳಾಸವೆಂದು ತಿಳಿಯಲಿಲ್ಲ. ಬೀಗ ಒಡೆದವನು ಕಿಟಕಿಯೊಂದನ್ನು ತನಗಾಗಿ ತೆರೆದಿಟ್ಟುಕೊಂಡಿದ್ದಾನೆ ಎಂಬಷ್ಟು ಮಾತ್ರ ತಿಳಿಯಿತು. ಈ ಕೈಗಳು ಫೋನಿನ ಗುಪ್ತ ಅಂಕಿ ಒತ್ತುತ್ತವೆ, ಮಕ್ಕಳನ್ನು ಎತ್ತಿಕೊಳ್ಳುತ್ತವೆ. ಅವಳು ವಿರೂಪಾಕ್ಷಿಗೆ ಹೇಳಿದಳು. ಬಡವರ ಕೈ ನೋಡಿ ಅವನಿಗೇನು ಸಿಗುತ್ತದೆ, ನೋಡಲಿ ಬಿಡು ಎಂದು ಅವನು ನಕ್ಕ.

ಅದಾದ ಸ್ವಲ್ಪ ದಿನಕ್ಕೆ ಒಂದು ಪರೀಕ್ಷೆ ನಡೆಯಿತು. ಪರೀಕ್ಷೆ ಎನ್ನುವಂಥದ್ದೇನೂ ಅವಳ ಮನಸ್ಸಿನಲ್ಲಿರಲಿಲ್ಲ. ಪ್ರೆಸ್ಸಿನಂತೆಯೇ ಕೇಳುವ ಒಂದು ಸಣ್ಣ ಪೆಟ್ಟಿಗೆ ಅವಳ ಹತ್ತಿರ ಇತ್ತು. ರಿಪೇರಿಯಾದ ಕೈಯನ್ನು ಅದರ ಚೌಕಟ್ಟಿನೊಳಗೆ ಇಟ್ಟರೆ ಕೆಂಪು ದೀಪ ಹತ್ತಬೇಕು, ಅಂದರೆ ಕೈ ಒಳಗಿದೆ, ಪ್ರೆಸ್ಸು ಬೀಳಕೂಡದು. ಅವತ್ತು ಮೇಜಿನ ಮೇಲೆ ಎರಡು ಕೈಗಳಿದ್ದವು. ಒಂದನ್ನು ಚೌಕಟ್ಟಿನೊಳಗೆ ಇಟ್ಟಳು. ದೀಪ ಹಸಿರಾಗಿಯೇ ಇತ್ತು.

ಪೆಟ್ಟಿಗೆ ಕೆಟ್ಟಿರಬೇಕೆಂದು ಅದನ್ನು ಬಿಚ್ಚಿ ಮತ್ತೆ ಜೋಡಿಸಿದಳು. ಹಸಿರೇ. ಹೊರಗಿದ್ದ ಇನ್ನೊಂದು ಕೈಯನ್ನು ಪಕ್ಕದ ಕೋಣೆಗೆ ಇಟ್ಟುಬಂದಳು. ಆಗ ದೀಪ ಕೆಂಪಾಯಿತು. ಮತ್ತೆ ತಂದಳು. ಹಸಿರು. ಕಸ್ತೂರಿ ಸ್ಟೂಲಿನ ಮೇಲೆ ಕೂತುಬಿಟ್ಟಳು.

ಪೆಟ್ಟಿಗೆ ಕೆಟ್ಟಿರಲಿಲ್ಲ. ಅದು ನಂಬರು ಹಿಡಿದು ಕೇಳುತ್ತಿತ್ತು, ಒಳಗೋ ಹೊರಗೋ ಎಂದು. ಒಳಗಿದ್ದ ಕೈ ಒಳಗೆ ಎನ್ನುತ್ತಿತ್ತು. ಅದೇ ನಂಬರಿನ ಹೊರಗಿನ ಕೈ ಹೊರಗೆ ಎನ್ನುತ್ತಿತ್ತು. ಹೊರಗೆ ಎಂಬ ಒಂದು ಮಾತು ಕಿವಿಗೆ ಬಿದ್ದರೆ ಅದಕ್ಕೆ ಸಾಕು. ಒಂದು ಕೈ ಒಂದೇ ಕ್ಷಣದಲ್ಲಿ ಎರಡು ಕಡೆ ಇರಬಹುದೆಂದು ಅದನ್ನು ಬರೆದವರು ಯಾರೂ ಎಣಿಸಿರಲಿಲ್ಲ.

ಹಾಗಾದರೆ ಇಷ್ಟು ದಿನ ಯಾರಿಗೂ ಏನೂ ಆಗಲಿಲ್ಲವೇಕೆ? ಅವಳು ಕೂತಲ್ಲೇ ಯೋಚಿಸಿದಳು. ಹಳೆಯ ಶೆಡ್ಡುಗಳಲ್ಲಿ ಪ್ರೆಸ್ಸಿಗೊಂದು ಗೂಡು, ನಡುವೆ ದಪ್ಪ ತಗಡಿನ ಗೋಡೆ. ಕೈಯ ದನಿ ಸಣ್ಣದು, ಗೋಡೆ ದಾಟುವುದಿಲ್ಲ. ಆದರೆ ದೊಡ್ಡ ಆರ್ಡರು ಬಂದಿದೆ ಎಂದು ಮಾಲೀಕರೆಲ್ಲ ಕೂಡಿ ಕೆಲಸಕ್ಕೆ ದೊಡ್ಡದೊಂದು ಹೊಸ ಹಾಲ್ ಕಟ್ಟಿಸಿದ್ದರು. ಸೋಮವಾರದಿಂದ ಎಲ್ಲ ಪ್ರೆಸ್ಸು ಒಂದೇ ಸೂರಿನಡಿ, ಪಕ್ಕಪಕ್ಕಕ್ಕೆ, ಗೋಡೆಯಿಲ್ಲದೆ. ಪೆಡಲಿನ ಮೇಲೆ ಇಟ್ಟಂಗಿ. ತಗಡನ್ನು ಒಬ್ಬನೂ ಲೋಹದ ಕೈಯೊಂದರಿಂದಲೇ ಇಡುವುದಿಲ್ಲ. ಓರೆಯಾಗದಂತೆ ಎಡಗೈಯಲ್ಲೂ ಒತ್ತಿ ಹಿಡಿಯುತ್ತಾನೆ. ಲೋಹ ಹೋದರೆ ಲೋಹ. ಉಳಿದ ಒಂದು ಕೈ?

ಫಕೀರಪ್ಪನ ಪ್ರೆಸ್ಸು ಹೊಸ ಹಾಲಿನಲ್ಲಿ ಮೊದಲ ಸಾಲಿನಲ್ಲಿತ್ತು.

ವಿರೂಪಾಕ್ಷಿ ಅವಳ ಮಾತನ್ನು ಪೂರ್ತಿ ಕೇಳಿದ. ಪೆಟ್ಟಿಗೆಯನ್ನೂ ನೋಡಿದ. ಪೆಟ್ಟಿಗೆ ಪೆಟ್ಟಿಗೆಯೇ, ಪ್ರೆಸ್ಸು ಪ್ರೆಸ್ಸೇ ಎಂದ. ಆರ್ಡರು ಮುಗಿಯುವವರೆಗೆ ಸುಮ್ಮನಿರು ಎಂದ. ಇಟ್ಟಂಗಿಯನ್ನಾದರೂ ತೆಗೆಸಿರಿ ಎಂದು ಅವಳು ಬೇಡಿಕೊಂಡಳು. ಇಟ್ಟಂಗಿ ತೆಗೆದರೆ ಅರ್ಧ ಕೆಲಸವೂ ಆಗುವುದಿಲ್ಲ, ಆರ್ಡರು ಬೇರೆ ಊರಿಗೆ ಹೋಗುತ್ತದೆ ಎಂದ. ಕೈಗಳನ್ನು ಮೊದಲಿನಂತೆ ಮಾಡುತ್ತೇನೆ ಎಂದಾಗ ಅವನ ದನಿ ಬದಲಾಯಿತು.

“ಕ್ರ್ಯಾಕ್ ತುಂಬಿದಾಕಿ ನೀನ. ನಾ ಕಂಪ್ಯೂಟರ್ ಮುಟ್ಟಿಲ್ಲ. ಕೇಸ್ ಆದ್ರ ಮೊದಲನೇ ಹೆಸರು ಯಾರದಿರತೈತಿ, ಮನಿಗೆ ಹೋಗಿ ವಿಚಾರ ಮಾಡು.”

ಅವಳು ವಿಚಾರ ಮಾಡಿದಳು. ಅವನು ಹೇಳಿದ್ದು ಖರೆಯಾಗಿತ್ತು.

ಮನೆಯಲ್ಲಿ ಫಕೀರಪ್ಪನಿಗೆ ಹೇಳಿದಳು. ಅವನು ಉಣ್ಣುವುದನ್ನು ನಿಲ್ಲಿಸಲಿಲ್ಲ. ಕಂಪನಿಯವರು ನಿನಗೆ ಏನಾದರೂ ಹೇಳಿದ್ದಾರೆಯೇ ಎಂದು ಕೇಳಿದ. ಇಲ್ಲ ಎಂದಳು. ಶೆಡ್ಡಿನಲ್ಲಿ ಎಲ್ಲರೂ ಹಾಗೆಯೇ ಮಾತಾಡುತ್ತಿದ್ದಾರೆ, ನಿನ್ನ ಹೆಂಡತಿ ಆ ಕಡೆಯವಳು ಎನ್ನುತ್ತಿದ್ದಾರೆ ಎಂದ. ಮತ್ತೆ ಅವಳ ಕಡೆ ನೋಡದೆ ಹೇಳಿದ:

“ನೀ ಯಾವಾಗೂ ಹಿಂಗ. ಗ್ಯಾಸ್ ಬಂದ್ ಮಾಡೀನೋ ಇಲ್ಲೋ ಅಂತ ಮೂರು ಸಲ ಎದ್ದು ನೋಡಾಕಿ. ನಿನ್ನ ಅಂಜಿಕಿಗೆ ನನ್ನ ಕೈ ತಗೊಂಡು ಮತ್ತ ಇಕ್ಕಳ ಮಾಡ್ತೀಯೇನು?”

ಅದು ಅವಳಿಗೆ ವಿರೂಪಾಕ್ಷಿಯ ಬೆದರಿಕೆಗಿಂತ ಹೆಚ್ಚು ತಾಗಿತು, ಯಾಕೆಂದರೆ ಅದರಲ್ಲಿ ಸುಳ್ಳಿರಲಿಲ್ಲ. ತಾನು ಅಂಜುವವಳೇ. ಹೆದರಿದ ಹತ್ತು ಸಲದಲ್ಲಿ ಒಂಬತ್ತು ಸಲ ಗ್ಯಾಸ್ ಬಂದ್ ಆಗಿಯೇ ಇರುತ್ತಿತ್ತು. ಈ ಸಲವೂ ಹಾಗೇ ಇದ್ದರೆ?

ಭಾನುವಾರ ಸಂಘದ ಸಭೆ. ಅವಳು ಮಾತಾಡಲು ಎದ್ದಾಗ ಹಿಂದಿನ ಸಾಲಿನವರು ಲೋಹದ ಬೆರಳುಗಳಿಂದ ಬೆಂಚು ತಟ್ಟತೊಡಗಿದರು. ಎರಡೆರಡು ಸಲ, ಎಲ್ಲರದೂ ಒಂದೇ ತಾಳ. ಅವಳ ದನಿ ಅದರಲ್ಲಿ ಮುಳುಗಿತು. ಒಬ್ಬ ಎದ್ದುನಿಂತು, ಸಂಜೆ ಸಾಲಿ ಕಲಿತಾಕಿ ಕಂಪನಿಯ ಎಂಜಿನಿಯರಿಗಿಂತ ಶಾಣ್ಯಾಳೇನು ಎಂದ. ಮತ್ತೊಬ್ಬ, ಪೇಢೆ ತಿಂದಾಗ ಈ ಬುದ್ಧಿ ಎಲ್ಲಿತ್ತು ಎಂದ. ಮುಂದಿನ ಸಾಲಿನಲ್ಲಿ ಕೂತಿದ್ದ ಫಕೀರಪ್ಪ ಬೆಂಚು ತಟ್ಟಲಿಲ್ಲ, ಅವಳ ಪರವಾಗಿ ಏಳಲೂ ಇಲ್ಲ. ಉಸ್ತಾದರು ಬಾಗಿಲ ಬಳಿ ನಿಂತು ಎಲ್ಲವನ್ನೂ ನೋಡಿ, ಸಭೆ ಮುಗಿಯುವ ಮುಂಚೆಯೇ ಹೊರಟುಹೋದರು.

ಸೋಮವಾರ ಬೆಳಿಗ್ಗೆ ಹೊಸ ಹಾಲಿನ ಬಾಗಿಲಿಗೆ ಮಾವಿನೆಲೆ ಕಟ್ಟಿದ್ದರು. ಕಸ್ತೂರಿ ಗಂಡನ ಕೈಯನ್ನು ಚಾರ್ಜಿನಿಂದ ತೆಗೆದು, ತಾನೇ ಹಾಲಿಗೆ ತರುತ್ತೇನೆಂದು ಹೇಳಿ ಅವನನ್ನು ಮುಂದೆ ಕಳಿಸಿದ್ದಳು. ಅವಳು ಹೋಗುವ ಹೊತ್ತಿಗೆ ಎಲ್ಲರೂ ಮೊದಲ ತಗಡು ಹಿಡಿದು ತಮ್ಮ ತಮ್ಮ ಪ್ರೆಸ್ಸಿನ ಹತ್ತಿರ ನಿಂತಿದ್ದರು, ಇಟ್ಟಂಗಿಗಳು ಪೆಡಲಿನ ಪಕ್ಕದಲ್ಲಿ ಸಿದ್ಧವಾಗಿದ್ದವು. ವಿರೂಪಾಕ್ಷಿ ಕಾಯಿ ಒಡೆಯಲು ಎತ್ತಿದ್ದ. ಫಕೀರಪ್ಪ ಖಾಲಿ ತೋಳು ನೇತುಹಾಕಿಕೊಂಡು ಮೊದಲ ಸಾಲಿನಲ್ಲಿ ಕಾಯುತ್ತಿದ್ದ.

ಕಸ್ತೂರಿ ಚೀಲದಿಂದ ಅವನ ಕೈ ತೆಗೆದಳು. ಅವನು ಮೊಂಡುತೋಳು ಮುಂದೆ ಮಾಡಿದ. ಅವಳು ಅದನ್ನು ಅವನಿಗೆ ಕೊಡಲಿಲ್ಲ. ತಗಡು ಎಳೆಯುವ ಉದ್ದನೆಯ ಕೊಕ್ಕೆಯ ತುದಿಗೆ ಸಿಕ್ಕಿಸಿ, ಪ್ರೆಸ್ಸಿನ ಅಚ್ಚಿನ ಮೇಲೆ ನಡುವಿಗೆ ಇಟ್ಟಳು. ಬೆರಳುಗಳು ಮೇಲ್ಮುಖವಾಗಿ ತೆರೆದಿದ್ದವು. ಪಕ್ಕದವನು ಏನು ಮಾಡುತ್ತಿದ್ದೀಯೆಂದು ಕೇಳುವಷ್ಟರಲ್ಲಿ ಅವಳು ಕಾಲಿನಿಂದ ಇಟ್ಟಂಗಿಯನ್ನು ಪೆಡಲಿನ ಮೇಲೆ ಸರಿಸಿ ಹಿಂದೆ ನಿಂತಳು.

ಆ ಅರೆಗಳಿಗೆ ಅವಳು ಬೇಡಿಕೊಂಡದ್ದು ಒಂದೇ: ಪ್ರೆಸ್ಸು ಕಾಯಲಿ. ತನ್ನ ಲೆಕ್ಕ ತಪ್ಪಾಗಲಿ. ಎಲ್ಲರೂ ನಗಲಿ.

ಪ್ರೆಸ್ಸು ಕಾಯಲಿಲ್ಲ. ತಲೆ ಇಳಿಯಿತು. ಸದ್ದು ತಗಡಿನದಲ್ಲ, ಬೇರೆ. ಕುಕ್ಕರಿನ ಮುಚ್ಚಳದ ಅಚ್ಚಿನಲ್ಲಿ ಬೆರಳು, ತಂತಿ, ಸ್ಪ್ರಿಂಗು ಎಲ್ಲ ಸೇರಿ ಒಂದು ಬಟ್ಟಲಾಗಿತ್ತು. ತಲೆ ಮೇಲೆದ್ದಿತು. ಅಕ್ಕಪಕ್ಕದ ನಲವತ್ತು ಕೈಗಳಲ್ಲಿ ಯಾವುದೋ ಒಂದು ಮತ್ತೆ ಹೊರಗೆ ಎಂದಿರಬೇಕು. ತಲೆ ಇನ್ನೊಮ್ಮೆ ಇಳಿಯಿತು. ಯಾರೋ ಹೋಗಿ ಇಟ್ಟಂಗಿಯನ್ನು ಒದ್ದರು.

ಫಕೀರಪ್ಪ ಅಚ್ಚನ್ನು ನೋಡಿದ, ಆಮೇಲೆ ತನ್ನ ಎಡಗೈಯನ್ನು. ಮಾತಾಡಿದವನು ವಿರೂಪಾಕ್ಷಿ. ಇವಳು ರಾತ್ರಿಯೇ ಆ ಕೈಗೆ ಏನೋ ಮಾಡಿದ್ದಾಳೆ, ಗಂಡನ ಕೈಯನ್ನೇ ಮುರಿದವಳು ಏನು ಬೇಕಾದರೂ ಮಾಡುತ್ತಾಳೆ ಎಂದ. ಕೆಲವರು ಹೌದೆಂದರು. ಆದರೆ ಯಾರೂ ತಮ್ಮ ಪೆಡಲಿನ ಮೇಲೆ ಇಟ್ಟಂಗಿ ಇಡಲಿಲ್ಲ. ಮೇಸ್ತ್ರಿ ಗಡಿಯಾರ ನೋಡುತ್ತಿದ್ದ. ಇಂದು ಇಡದಿದ್ದರೆ ನಾಳೆ ಇಡುತ್ತಾರೆ, ನಾಳೆಯಲ್ಲದಿದ್ದರೆ ಆರ್ಡರಿನ ಗಡುವು ಹತ್ತಿರವಾದ ಮೇಲೆ ಖಂಡಿತ ಇಡುತ್ತಾರೆ ಎಂದು ಕಸ್ತೂರಿಗೆ ಗೊತ್ತಿತ್ತು.

ಉಸ್ತಾದರು ಸಾಲು ದಾಟಿ ಅವಳ ಹತ್ತಿರ ಬಂದರು. ನಂಬರು ಕಳುವಾಗಿದೆ ಎಂದು ಕಂಪನಿಗೆ ತಿಳಿಸಿದರೆ ಏನಾಗುತ್ತದೆ ಎಂದು ಕೇಳಿದರು. ಆ ನಂಬರು ಎಂದೆಂದಿಗೂ ಸತ್ತಹಾಗೆ, ಅದನ್ನು ಹೊತ್ತ ಎಲ್ಲ ಕೈಗಳೂ ಆ ಕ್ಷಣವೇ ನಿಲ್ಲುತ್ತವೆ, ನಿಮ್ಮದೂ ಸೇರಿ ಎಂದಳು. ಯಾರು ತಿಳಿಸಬೇಕೆಂದರು. ಕೈಯ ಒಡೆಯ ಬಾಯಿಂದ ಹೇಳಬೇಕು, ಜೋಡಿಸಿದ ತಂತ್ರಜ್ಞೆ ತನ್ನ ಹೆಸರಿನಿಂದ ಒಪ್ಪಬೇಕು ಎಂದಳು.

“ಹಂಗಂದ್ರ ನಿನ್ನ ಹೆಸರೂ ಬೀಳತೈತಲ್ಲ, ಮಗಳ.”

“ಬೀಳಲ್ರಿ.”

“ನನ್ನ ಕೈ ಹಿಡದು ಕೆಲಸ ಕಲತವ್ರು ಇವ್ರು. ಅದ ಕೈಲೆ ಕಳ್ಳತನಾನೂ ಮಾಡಿಸಿದ್ರು. ಇನ್ನ ಒಬ್ಬೊಬ್ಬಂದು ಉಳದ ಕೈ ಕಡಿಯೂದು ನೋಡ್ಲೇನು? ಹಚ್ಚು ಫೋನ್.”

ಅವರು ಫೋನಿಗೆ ಬಾಯಿ ಹತ್ತಿರ ತಂದು ತಮ್ಮ ಪೂರ್ಣ ಹೆಸರು ಹೇಳಿದರು, ತಂದೆಯ ಹೆಸರನ್ನೂ ಸೇರಿಸಿ, ಪರೀಕ್ಷೆಗೆ ನಿಂತ ಹುಡುಗನಂತೆ. ನಂಬರನ್ನು ತಪ್ಪಿಲ್ಲದೆ ಹೇಳಿದರು. ವಿರೂಪಾಕ್ಷಿ ಮುಂದೆ ನುಗ್ಗಿದ, ಆದರೆ ಉಸ್ತಾದರ ಮೈ ಮುಟ್ಟುವ ಧೈರ್ಯ ಆ ಹಾಲಿನಲ್ಲಿ ಯಾರಿಗೂ ಇರಲಿಲ್ಲ, ಅವನಿಗೂ ಇರಲಿಲ್ಲ. ಕಸ್ತೂರಿ ತನ್ನ ಹೆಸರು ಒತ್ತಿದಳು. ಇನ್ನೊಮ್ಮೆ ನೋಡಬೇಕೆನ್ನಿಸಿತು. ನೋಡಲಿಲ್ಲ.

ಹಾಲಿನ ತುಂಬ ಬೆರಳುಗಳು ಒಟ್ಟಿಗೇ ಬಿಚ್ಚಿಕೊಂಡವು. ಹಿಡಿದಿದ್ದ ತಗಡುಗಳೆಲ್ಲ ಸಿಮೆಂಟಿನ ನೆಲಕ್ಕೆ ಬಿದ್ದ ಸದ್ದು ಹೊರಗಿನ ರಸ್ತೆಯವರೆಗೂ ಕೇಳಿತಂತೆ. ಉಸ್ತಾದರ ಕೈಯೂ ತೆರೆದು ನಿಂತಿತು.

ಮುಂದಿನದನ್ನು ಬಹಳ ಬೆಳೆಸುವ ಅಗತ್ಯವಿಲ್ಲ. ಆರ್ಡರು ಹೋಯಿತು. ಕಂಪನಿಯವರು ಬಂದು ಕೈಗಳನ್ನೆಲ್ಲ ಪೆಟ್ಟಿಗೆಗೆ ತುಂಬಿಕೊಂಡು ಹೋದರು, ಕೇಸು ಹಾಕಿದರು. ಮೊದಲನೇ ಆರೋಪಿ ಕಸ್ತೂರಿ, ಎರಡನೆಯವರು ದಾವಲಸಾಬ. ತನಗೆ ಕಂಪ್ಯೂಟರಿನ ಗಂಧವೇ ಇಲ್ಲವೆಂದು ಬರೆದುಕೊಟ್ಟ ವಿರೂಪಾಕ್ಷಿ ಸಾಕ್ಷಿಯಾದ. ಕೂಲಿಯವರ ಸುರಕ್ಷತೆಯೇ ತಮಗೆ ಮುಖ್ಯವೆಂದು ಕಂಪನಿಯ ವಕೀಲರು ನ್ಯಾಯಾಲಯದಲ್ಲಿ ಬಹಳ ಹೊತ್ತು ಮಾತಾಡಿದರು. ಆ ದರ ಯಾರು ಕಟ್ಟಬಲ್ಲರು ಎಂದಾಗಲಿ, ತಮ್ಮ ಪ್ರೆಸ್ಸು ಒಂದು ಮಾತನ್ನು ಎರಡನೇ ಸಲ ಏಕೆ ಕೇಳುವುದಿಲ್ಲ ಎಂದಾಗಲಿ ಅವರು ಆಡಲಿಲ್ಲ.

ಸಂಘ ಅವಳನ್ನು ಕೆಲಸದಿಂದ ತೆಗೆಯಿತು. ನೀರಿನ ನಳದ ಹತ್ತಿರ ಹೆಂಗಸರು ಅವಳ ಕೊಡ ಬಂದಾಗ ಮುಖ ತಿರುಗಿಸಿದರು. ಬೆಳಿಗ್ಗೆ ಬಾಗಿಲು ತೆಗೆದರೆ ಹೊಸ್ತಿಲಿನ ಮೇಲೆ ತಗಡಿನ ಚೂರುಗಳನ್ನು ಸುರಿದಿರುತ್ತಿದ್ದರು, ಬರಿಗಾಲಲ್ಲಿ ತುಳಿಯಲೆಂದು. ಅವಳು ಗುಡಿಸಿ ಒಳಗೆ ಹೋಗುತ್ತಿದ್ದಳು. ನಲವತ್ತು ಎಡಗೈಗಳು ಓಣಿಯಲ್ಲಿ ಓಡಾಡುತ್ತಿದ್ದವು; ಬೀಡಿ ಹಚ್ಚುತ್ತಿದ್ದವು, ಅವಳ ಮನೆಯ ಕಡೆ ಬೆರಳು ತೋರಿಸಿ ಬೈಯುತ್ತಿದ್ದವು. ಒಂದಾದರೂ ಕಡಿಮೆಯಾಗಿರಲಿಲ್ಲ. ಆದರೆ ಆಗದೇ ಹೋದ ಅಪಘಾತವನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಆಗುತ್ತಿತ್ತೋ ಇಲ್ಲವೋ ಎಂದು ಒಮ್ಮೊಮ್ಮೆ ಅವಳಿಗೇ ಅನುಮಾನ ಬರುತ್ತಿತ್ತು.

ಫಕೀರಪ್ಪ ಅವಳ ಕೂಡ ಮಾತು ಬಿಟ್ಟಿದ್ದ. ಬಿಸ್ಕತ್ತಿನ ಗೋದಾಮೊಂದರಲ್ಲಿ ಒಂದೇ ಕೈಯಿಂದ ಪೆಟ್ಟಿಗೆ ಸರಿಸುವ ಕೆಲಸ ಹಿಡಿದಿದ್ದ. ಒಂದೇ ಕೈ ಉಳಿದವನು ಹಟ ಹಿಡಿದರೆ ಬಹಳ ಕಲಿಯಬಹುದು. ಗುಂಡಿ ಹಾಕಿಕೊಳ್ಳುವುದು, ರೊಟ್ಟಿ ಮುರಿಯುವುದು, ಮೊಣಕಾಲ ಸಂದಿಯಲ್ಲಿ ಬಾಟಲಿ ಹಿಡಿದು ಮುಚ್ಚಳ ತೆಗೆಯುವುದು, ಇವನ್ನೆಲ್ಲ ಅವನು ಅವಳ ಕಣ್ಣೆದುರಿಗೇ, ಅವಳನ್ನು ಕೇಳದೆ, ಹಲ್ಲು ಕಚ್ಚಿ ಕಲಿತ. ಅವಳು ನೆರವಿಗೆ ಹೋದರೆ ಭುಜ ಕೊಡವುತ್ತಿದ್ದ.

ಒಂದು ರಜೆಯ ದಿನ ಮಧ್ಯಾಹ್ನ ಅವಳು ಅಕ್ಕಿ ಹಸನು ಮಾಡುತ್ತ ಕೂತಿದ್ದಳು. ಅವನು ಬಂದು ಎದುರಿಗೆ ಕೂತ. ಮೊರದ ಪಕ್ಕದಲ್ಲಿ ಉಗುರು ಕತ್ತರಿಸುವ ಕತ್ತರಿ ಇಟ್ಟ. ಎಡಗೈ ಮುಂದೆ ಚಾಚಿದ. ಉಗುರುಗಳು ಬೆಳೆದು ಅಂಚು ಒಡೆದಿದ್ದವು. ಒಂದೆರಡನ್ನು ಹಲ್ಲಿನಿಂದ ಕಚ್ಚಿ ನೋಡಿದ್ದ, ಅಲ್ಲಿ ರಕ್ತ ಕಪ್ಪಾಗಿ ಹೆಪ್ಪುಗಟ್ಟಿತ್ತು. ಯಾವ ಕೈಯೂ ತನ್ನ ಉಗುರನ್ನು ತಾನೇ ಕತ್ತರಿಸಿಕೊಳ್ಳಲಾರದು.

“ಉಳಿಸಿದಾಕಿ ನೀನ ಅಲ್ಲೇನು?” ಎಂದ. “ಇನ್ನ ನೀನ ನೋಡ್ಕೋ.”

ದನಿಯಲ್ಲಿ ಸಿಟ್ಟು ಹಾಗೆಯೇ ಇತ್ತು. ಅವಳು ಮೊರ ಬದಿಗಿಟ್ಟು, ಕೈಯನ್ನು ಮಣಿಕಟ್ಟಿನ ಹತ್ತಿರ ಹಿಡಿದಳು. ಬಿಸಿಯಾಗಿತ್ತು, ಭಾರವಾಗಿತ್ತು, ನಾಡಿ ಹೊಡೆದುಕೊಳ್ಳುತ್ತಿತ್ತು. ಅವನು ಮುಖವನ್ನು ಗೋಡೆಯ ಕಡೆ ತಿರುಗಿಸಿಕೊಂಡೇ ಕೂತಿದ್ದ. ಅವಳು ಕಿರುಬೆರಳಿನಿಂದ ಶುರುಮಾಡಿದಳು.